ಬೆನ್ನು ಕೂಡದ ಮದುವೆ ಗೌನು

ಮೊನ್ನೆ ಅಂಗಡಿಯಲ್ಲಿ ಯಾರದೋ ಮಖಮಲ್ ಸ್ಕರ್ಟಿಗೆ ಹಬೆ ಕೊಡುತ್ತಿದ್ದೆ. ಮಖಮಲ್ ಮೇಲೆ ಇಸ್ತ್ರಿಪೆಟ್ಟಿಗೆ ಒತ್ತಬಾರದು. ಒದ್ದೆ ಬಟ್ಟೆ ಹಾಸಿ, ಮೇಲೆ ಮೇಲೆ ತೇಲಿಸಬೇಕು. ಆಗ ನೆನೆದ ಬೆಕ್ಕಿನ ಮೈಯಿಂದ ಬರುವಂಥ ಒಂದು ವಾಸನೆ ಏಳುತ್ತದೆ. ಅದು ಮೂಗಿಗೆ ಬಡಿದದ್ದೇ ತಡ, ನನಗೆ ನಗು ಶುರುವಾಯಿತು. ಗಾಜಿನಾಚೆ ನಿಂತಿದ್ದ ಮುದುಕರೊಬ್ಬರು ನನ್ನ ಮುಖ ನೋಡಿ, ಒಳಗೆ ಬರಲೋ ಬೇಡವೋ ಎಂದು ಯೋಚಿಸಿ, ಸೈಕಲ್ ಹತ್ತಿ ಹೋಗಿಬಿಟ್ಟರು. ಅವರನ್ನು ಬೈಯಲಾರೆ. ಆದರೆ ನೀವು ಕೂತುಕೊಳ್ಳಿ, ನಗುವಿನ ಕಾರಣ ಹೇಳುತ್ತೇನೆ.

ನಾನು ಹರಿಹರದವನು. ಎಂಟನೇ ಕ್ಲಾಸಿನ ಅರ್ಧಕ್ಕೆ ಶಾಲೆ ಬಿಟ್ಟು ಉಸ್ತಾದರ ಹೊಲಿಗೆ ಅಂಗಡಿಯಲ್ಲಿ ಅಂಗಿಗಳ ಗುಂಡಿತೂತಿಗೆ ಕಾಜಾ ಮಾಡಲು ಕೂತೆ. ಇದನ್ನು ನಾಚಿಕೆಯಿಂದ ಹೇಳುತ್ತಿಲ್ಲ, ಬೋರ್ಡಿನ ಮೇಲೆ ಬರೆಸುವಷ್ಟು ಹೆಮ್ಮೆಯಿಂದ ಹೇಳುತ್ತಿದ್ದೇನೆ. ನನ್ನ ಹೆಂಡತಿ ಶಾಹೀನಾ ಇಂಜಿನಿಯರು. ಅವಳು ಓದುತ್ತಾ ಹೋದಳು, ನಾನು ಹೊಲಿಯುತ್ತಾ ಹೋದೆ, ಇಬ್ಬರೂ ಬಂದು ನಿಂತದ್ದು ನೆದರ್‌ಲ್ಯಾಂಡ್ಸಿನ ಜೂಟರ್‌ಮೀರಿನ ಒಂದು ನಾಲ್ಕನೇ ಮಹಡಿಯಲ್ಲಿ. ಅವಳಿಗೆ ಯುಟ್ರೆಕ್ಟಿನಲ್ಲಿ ಆಫೀಸು; ಪರ್ಮಿಟ್ಟು ಅವಳದು, ನಾನು ಅದರ ಬಾಲ. ಬಂದ ಎರಡನೇ ವರ್ಷಕ್ಕೆ ಸ್ವಂತ ಅಂಗಡಿ ತೆರೆದೆ. ನನ್ನ ಕೈಯಿಂದ ಹೋದ ಬಟ್ಟೆ ಸರಿಯಾಗಲಿಲ್ಲ ಎಂದು ಯಾರೂ ವಾಪಸು ತಂದಿರಲಿಲ್ಲ. ಅಷ್ಟರಲ್ಲಿ ಕೊರೊನಾ ಬಂತು, ಅಂಗಡಿ ಮುಚ್ಚಿಸಿದರು. ನಾನು ಮೆಷಿನ್ ಹೊತ್ತು ಮನೆಗೆ ತಂದು ಕಿಟಕಿ ಪಕ್ಕ ಇಟ್ಟು, ಹರಿದ ಹಾಸಿಗೆ ಹೊದಿಕೆಗಳನ್ನು ಹೊಲಿಯಲು ಕೂತೆ. ಸುಮ್ಮನೆ ಕೂತರೆ ನನಗೆ ಜ್ವರ ಬರುತ್ತದೆ, ಆ ಕಾಲದಲ್ಲಿ ಜ್ವರ ಬರುವುದು ಕ್ಷೇಮವಾಗಿರಲಿಲ್ಲ.

ಎದುರು ಬಾಗಿಲಿನ ಅಜ್ಜಿ ಒಂದು ದಿನ ಕಾರಿಡಾರಿನಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದರು. ಮೆಷಿನ್ ಸದ್ದಿನ ಬಗ್ಗೆ ದೂರು ಕೊಡಲು ಬಂದಿದ್ದಾರೆ ಎಂದುಕೊಂಡು ನಾನು ಕ್ಷಮೆ ಕೇಳುವ ಡಚ್ ವಾಕ್ಯವನ್ನು ಮನಸ್ಸಿನಲ್ಲೇ ಕಟ್ಟಿಕೊಂಡು ಹೊರಬಂದೆ. ಅವರು ಕೈ ಅಡ್ಡ ಆಡಿಸಿದರು. ನಿಲ್ಲಿಸಬೇಡಿ, ಆ ಸದ್ದು ಕೇಳುವುದಕ್ಕೇ ಕೂತಿದ್ದೇನೆ ಎಂದರು. ಹಿಂದೆ ಅವರು ನಟಿಯಾಗಿದ್ದ ನಾಟಕ ಕಂಪನಿಯಲ್ಲಿ ಬಣ್ಣದ ಕೋಣೆಯ ಗೋಡೆಯಾಚೆಗೆ ದರ್ಜಿಗಳ ಕೋಣೆಯಿತ್ತಂತೆ.

ಹೆಸರು ವೈಕೆ, ದೇಶ ಎಸ್ಟೋನಿಯಾ, ವಯಸ್ಸು ಎಪ್ಪತ್ತನಾಲ್ಕು. ನಾನು ಅವರನ್ನು ಮೆವ್ರೌ ಎನ್ನುತ್ತಿದ್ದೆ. ಇಲ್ಲಿ ಹಾಗೆಂದರೆ ನಮ್ಮಲ್ಲಿ ಅಮ್ಮಾವ್ರೇ ಎಂದ ಹಾಗೆ. ಅವರ ಇಂಗ್ಲಿಷೂ ಮುರುಕು, ನನ್ನ ಡಚ್ಚೂ ಮುರುಕು, ಎರಡನ್ನೂ ಜೋಡಿಸಿದರೆ ಸಂಸಾರ ನಡೆಯುವಷ್ಟು ಮಾತಾಗುತ್ತಿತ್ತು. ಇನ್ನು ಒಂದೂವರೆ ಮೀಟರ್ ದೂರದ ಕಾನೂನು. ದರ್ಜಿಯ ಟೇಪು ಎಷ್ಟುದ್ದ ಹೇಳಿ? ಸರಿಯಾಗಿ ಒಂದೂವರೆ ಮೀಟರು. ದೇಶವೆಲ್ಲ ಅಂದಾಜಿನಲ್ಲಿ ದೂರ ನಿಂತರೆ ನಾವಿಬ್ಬರು ಟೇಪಿನ ಆ ತುದಿ ಅವರ ಕೈಯಲ್ಲಿ, ಈ ತುದಿ ನನ್ನ ಕೈಯಲ್ಲಿ ಹಿಡಿದು ಕೂತು ಚಹಾ ಕುಡಿಯುತ್ತಿದ್ದೆವು.

ಹಾಗೆ ಕೂತಾಗಲೇ ಅವರ ಚರಿತ್ರೆಯೆಲ್ಲ ಕೇಳಿದ್ದು. ಅಪ್ಪ ಸಮುದ್ರದ ದಡದಲ್ಲಿ ಮೀನಿನ ದೋಣಿಗಳಿಗೆ ಡಾಂಬರು ಬಳಿಯುವವರು. ಮಗಳು ಟ್ಯಾಲಿನ್ನಿಗೆ ಹೋಗಿ ನಾಟಕ ಕಲಿತಳು. ಮೊದಲ ಮೂರು ವರ್ಷ ರಂಗದ ಮೇಲೆ ಬರೀ ತಟ್ಟೆ ಹಿಡಿದು ನಿಂತದ್ದು. ತಟ್ಟೆ ಹಿಡಿಯುವುದರಲ್ಲಿ ತನ್ನನ್ನು ಮೀರಿಸಿದವರಿಲ್ಲ ಎಂದು ಹೇಳಿಕೊಂಡರು. ಕಾಜಾ ಹಾಕಿ ಬೆಳೆದ ನನಗೆ ಆ ಮಾತು ಹಿಡಿಸಿಬಿಟ್ಟಿತು. ಆಮೇಲೆ ರಾಣಿಯಾದರು, ಕಳ್ಳಿಯಾದರು, ಒಂದು ಸಿನಿಮಾದಲ್ಲಿ ಕುದುರೆ ಸವಾರಿ ಮಾಡಿ ಊರ ಮಕ್ಕಳೆಲ್ಲ ಹಿಂದೆ ಓಡಿಬರುವಂತಾದರು. ಅಷ್ಟರಲ್ಲಿ ಒಬ್ಬ ಡಚ್ ಹಡಗಿನ ಮೆಕ್ಯಾನಿಕ್ಕನ ಮೇಲೆ ಮನಸ್ಸಾಗಿ ಇಲ್ಲಿಗೆ ಬಂದರು. ಇಲ್ಲಿ ಅವರ ಭಾಷೆಯ ನಾಟಕ ಯಾರಿಗೆ ಬೇಕು? ಲೈಡನ್ನಿನ ಒಂದು ನಾಟಕಶಾಲೆಯಲ್ಲಿ ಪ್ರೇಕ್ಷಕರ ಕೋಟುಗಳನ್ನು ತೂಗುಹಾಕುವ ಕೆಲಸ ಮಾಡಿದರು. ಇಪ್ಪತ್ತೈದು ವರ್ಷ. ಗಂಡ ತೀರಿಕೊಂಡ ಮೇಲೆ ಅದೂ ಇಲ್ಲ.

ಒಂದು ಮಧ್ಯಾಹ್ನ ಅವರು ಟೇಪನ್ನು ಎಷ್ಟು ಜೋರಾಗಿ ಎಳೆದರೆಂದರೆ ನನ್ನ ಚಹಾ ಚೆಲ್ಲಿತು. ಅವರ ದೇಶದಲ್ಲಿ ಹೊಸ ಸಿನಿಮಾ ತೆಗೆಯುತ್ತಿದ್ದಾರೆ; ಮುದುಕಿಯೊಬ್ಬಳು ಮದುವೆಯಾಗಲು ಹೊರಟಿದ್ದಾಳೆ, ಅಣ್ಣ ಬಂದು ಬೈಯುತ್ತಾನೆ. ಆ ಮುದುಕಿಯ ಪಾತ್ರಕ್ಕೆ ಹಳೆಯ ನಟಿಯರನ್ನು ಹುಡುಕುತ್ತಿದ್ದಾರೆ. ವಿಮಾನವಿಲ್ಲದ್ದರಿಂದ ಯಾರೂ ಹೋಗಬೇಕಾಗಿಲ್ಲ, ಆ ದೃಶ್ಯವನ್ನು ಫೋನಿನಲ್ಲಿ ಹಿಡಿದು ಮುಂದಿನ ಶುಕ್ರವಾರ ಸಂಜೆ ಆರರೊಳಗೆ ಕಳಿಸಿದರೆ ಸಾಕು.

"ಇದು ಬಿಟ್ರೆ ನನಗೆ ಇನ್ನೊಂದು ಬರೋದಿಲ್ಲ," ಎಂದರು. "ನನಗೆ ಮದುವೆ ಬಟ್ಟೆ ಹೊಲಿದು ಕೊಡ್ತೀರಾ?"

ಬಟ್ಟೆ ಅಂಗಡಿಗಳೆಲ್ಲ ಮುಚ್ಚಿದ್ದವು. ಅವರು ತಮ್ಮ ಕಿಟಕಿಯ ಮಖಮಲ್ ಪರದೆಯನ್ನೇ ಇಳಿಸಿ ತಂದರು, ಜಂಬುನೇರಳೆ ಬಣ್ಣದ್ದು. ಅದರ ಜೊತೆಗೆ ಹಳೆಯ ಪೆಟ್ಟಿಗೆಯಿಂದ ಒಂದು ನಾಟಕದ ಗೌನನ್ನೂ ತೆಗೆದು ಬಾಗಿಲ ಹಿಡಿಗೆ ತೂಗುಹಾಕಿ, ಇದರ ಹಾಗೆ ಎಂದು ಹೇಳಿ ಹೋದರು.

ಇಲ್ಲೇ ನೋಡಿ ನಾನು ಕೆಟ್ಟದ್ದು. ನಮ್ಮ ಹರಿಹರದಲ್ಲಿ ಹೆಂಗಸರ ಮೈ ಮುಟ್ಟಿ ಅಳತೆ ತೆಗೆಯುವ ಪದ್ಧತಿಯಿರಲಿಲ್ಲ. ಅಳತೆ ರವಿಕೆ ಎಂದು ಒಂದು ಹಳೆಯದನ್ನು ಕಳಿಸುತ್ತಿದ್ದರು. ಅದನ್ನು ಹಾಸಿ, ಟೇಪು ಹಿಡಿದು, ಅದರಂತೆ ಕತ್ತರಿಸುವುದು. ಅಳತೆಗೆ ಬಂದದ್ದನ್ನು ಪ್ರಶ್ನೆ ಮಾಡಬಾರದು, ಅದು ಮನೆತನದ ವಿಷಯ ಎಂದು ಉಸ್ತಾದರು ಹೇಳಿಕೊಟ್ಟಿದ್ದರು. ನಾನು ಆ ಗೌನನ್ನು ಹಾಸಿದೆ. ಸೊಂಟ ಸಣ್ಣ ಅನ್ನಿಸಿತು. ಪ್ರಶ್ನೆ ಮಾಡಲಿಲ್ಲ. ಪರದೆಯ ಬಟ್ಟೆ ಕಡಿಮೆಯಿದ್ದದ್ದರಿಂದ, ಬಿಚ್ಚಿ ಸಡಿಲ ಮಾಡಲು ಒಳಗೆ ಒಂದು ಬೆರಳಷ್ಟೂ ಬಿಡಲಿಲ್ಲ. ನಾಲ್ಕು ದಿನ ಆ ನೆನೆದ ಬೆಕ್ಕಿನ ವಾಸನೆಯಲ್ಲಿ ತಲೆಯೆತ್ತದೆ ಹೊಲಿದೆ. ಅಂಥ ಹೊಲಿಗೆ ನನ್ನ ಜೀವಮಾನದಲ್ಲಿ ಹಾಕಿರಲಿಲ್ಲ ಎಂದು ಈಗಲೂ ಎದೆ ತಟ್ಟಿಕೊಂಡು ಹೇಳುತ್ತೇನೆ.

ಶುಕ್ರವಾರ ಮೂರು ಗಂಟೆಗೆ ಅವರ ಮನೆಯಲ್ಲಿ ಕಿಟಕಿಗಳನ್ನೆಲ್ಲ ತೆರೆದು, ಮಾಸ್ಕ್ ಕಟ್ಟಿಕೊಂಡು ಸೇರಿದೆವು. ಶಾಹೀನಾ ಗೌನು ತೊಡಿಸಲು ಒಳಗೆ ಹೋದಳು. ಆಮೇಲೆ ಬಾಗಿಲ ಸಂದಿನಿಂದ ಅವಳ ಮುಖ ಬಂತು.

"ಅಜೀ, ಮುಂದೆ ಸೂಪರಾಗಿದೆ. ಬೆನ್ನೇ ಕೂಡ್ತಾ ಇಲ್ಲ."

"ಎಷ್ಟು ಸಾಲದು?"

"ಒಂದು ಗೇಣು."

ಆಗ ಗೊತ್ತಾಯಿತು. ಆ ಹಳೆಯ ಗೌನನ್ನು ಅವರು ಕೊಟ್ಟದ್ದು ಕತ್ತು, ತೋಳು ಯಾವ ರೀತಿ ಬರಬೇಕು ಎಂದು ತೋರಿಸಲು. ಅದು ಅವರ ಇಪ್ಪತ್ತೆಂಟನೇ ವಯಸ್ಸಿನದು. ನಾನು ಗೋಡೆಗೆ ಒರಗಿ ನಿಂತುಬಿಟ್ಟೆ. ಹೆಂಡತಿ ನನ್ನನ್ನು ಸಮಾಧಾನ ಮಾಡಬೇಕಾಗಿತ್ತು. ಅವಳು ಅಡುಗೆಮನೆಗೆ ಹೋಗಿ ನಲ್ಲಿ ಬಿಟ್ಟು, ಆ ಸದ್ದಿನಲ್ಲಿ ನಕ್ಕು ಬಂದಳು. ಮಾಸ್ಕಿನ ಮೇಲೆ ಕಣ್ಣುಗಳು ಒದ್ದೆಯಾಗಿದ್ದವು.

ಉಪಾಯ ಮಾಡಿದ್ದು ಮೆವ್ರೌ. ಕ್ಯಾಮೆರಾಕ್ಕೆ ಮುಂಭಾಗ ತಾನೇ ಕಾಣುವುದು? ಬೆನ್ನಿಗೆ ಪಿನ್ನು ಚುಚ್ಚಿ, ಎರಡೂ ಅಂಚುಗಳನ್ನು ಹಿಡಿದುಕೊಂಡು ನಾನು ಅವರ ಹಿಂದೆ ಕುಕ್ಕರುಗಾಲಿನಲ್ಲಿ ಕೂರಬೇಕು. ಹಾಗೇ ಕೂತು ಅಣ್ಣನ ಮಾತನ್ನೂ ನಾನೇ ಹೇಳಬೇಕು, ಏಕೆಂದರೆ ಫೋನು ಹಿಡಿಯುವ ಶಾಹೀನಾಳಿಗೆ ನಗು ತಡೆಯುವ ಖಾತರಿಯಿಲ್ಲ. ಭಾಷೆ ಯಾವುದಾದರೂ ಸರಿ, ಅಣ್ಣನ ದನಿಯನ್ನು ಸಿನಿಮಾದವರು ಲೆಕ್ಕಕ್ಕೆ ಹಿಡಿಯುವುದಿಲ್ಲ ಎಂದರು. ಒಂದೂವರೆ ಮೀಟರ್ ಕಾನೂನನ್ನು ಅಷ್ಟು ದಿನ ಅಳೆದು ಕಾದವನು ಅದನ್ನು ಮುರಿದದ್ದು ಹೀಗೆ.

ಮೊದಲ ಸಲ ನಾನು ಹೆಡ್‌ಮಾಸ್ತರರ ಮುಂದೆ ಪಾಠ ಒಪ್ಪಿಸಿದ ಹಾಗೆ ಒಪ್ಪಿಸಿದೆ. ಎರಡನೇ ಸಲ ಕೆಮ್ಮು ಬಂತು, ಮೂವರೂ ದಿಕ್ಕಾಪಾಲಾಗಿ ಓಡಿದೆವು. ಐದು ಗಂಟೆಯಾಯಿತು. ಮೆವ್ರೌ ಹಿಂದಕ್ಕೆ ಬಗ್ಗಿ ಕೇಳಿದರು, "ನಿಮಗೆ ನಿಜವಾಗಿ ಸಿಟ್ಟು ಬರೋದು ಯಾವಾಗ?"

"ಟ್ರಯಲ್ ನೋಡೋವಾಗ ಗಿರಾಕಿ ಅಲ್ಲಾಡಿದ್ರೆ."

"ಹಾಗಾದ್ರೆ ಅದನ್ನೇ ಬೈಯಿರಿ," ಎಂದು ಬೇಕೆಂದೇ ಭುಜ ಕುಣಿಸಿದರು. ಒಂದು ಪಿನ್ನು ಟಪ್ಪೆಂದು ಹಾರಿ ನನ್ನ ಹಣೆಗೆ ಬಡಿಯಿತು.

ನನ್ನ ಬಾಯಿ ಬಿಚ್ಚಿಕೊಂಡಿತು. "ನಿಂತ್ಕೊಳ್ಳಿ ಅಂದ್ರೆ ನಿಂತ್ಕೊಳ್ಳೋಕಾಗಲ್ವಾ? ಏನು ಆತುರ ನಿಮಗೆ, ಈ ವಯಸ್ಸಲ್ಲಿ? ನಾಲ್ಕು ದಿನ ಕಣ್ಣು ಕಿತ್ತುಹೋಗೋ ಹಾಗೆ ಹೊಲಿದಿದ್ದೀನಿ, ಒಂದು ನಿಮಿಷ ನೆಟ್ಟಗಿರಿ ಅಂದ್ರೆ ಕುಣೀತೀರಲ್ಲ?" ಮೂವತ್ತು ವರ್ಷಗಳ ಗಿರಾಕಿಗಳೆಲ್ಲ ಆ ಬೈಗುಳದಲ್ಲಿ ಬಂದರು. ಮೆವ್ರೌ ಎಸ್ಟೋನಿಯನ್ನಿನಲ್ಲಿ ಒಂದೊಂದಕ್ಕೂ ಉತ್ತರ ಕೊಟ್ಟರು. ಮೊದಲು ನಗುತ್ತಾ, ಆಮೇಲೆ ಗದರಿಸುತ್ತಾ, ಆಮೇಲೆ ಎಷ್ಟು ಮೆತ್ತಗೆ ಎಂದರೆ ನಾನು ಬೈಯುವುದನ್ನು ಮರೆತು ಕೂತೆ.

ಕೊನೆಯ ಮಾತು ಹೇಳಿ ಅವರು ಹೊರಟೇಬಿಟ್ಟರು. ಕ್ಯಾಮೆರಾಕ್ಕೆ ಬೆನ್ನು ಮಾಡಿ, ನನ್ನ ಕೈಯಿಂದ ಬಿಡಿಸಿಕೊಂಡು, ಬಾಗಿಲ ಕಡೆ ನಡೆದರು. ಪಿನ್ನುಗಳು ನೆಲದ ಮೇಲೆ ಉದುರಿದವು. ಮಖಮಲ್ ಎರಡು ಕಡೆಗೆ ಬಿಚ್ಚಿಕೊಂಡು, ಒಳಗಿನ ಬಿಳಿಯ ಚಳಿಗಾಲದ ಬನಿಯನ್ ಕಾಣಿಸಿತು. ಕುತ್ತಿಗೆ ಮಾತ್ರ ರಾಣಿಯದು. ನಾನು ಗಾಳಿಯಲ್ಲಿ ಎರಡು ಕೈ ಹಿಡಿದುಕೊಂಡು ನೆಲದ ಮೇಲೆ ಕೂತಿದ್ದೆ. ಫೋನು ಓಡುತ್ತಲೇ ಇತ್ತು. ಶಾಹೀನಾ ನಗುತ್ತಿರಲಿಲ್ಲ.

ಆ ಕೊನೆಯ ಮಾತಿನ ಅರ್ಥ ಆಮೇಲೆ ಹೇಳಿದರು: ನಾನು ಹೊರಟೆ, ಬಾಗಿಲು ನೀನೇ ಹಾಕಿಕೋ.

ಆ ವಿಡಿಯೋವನ್ನೇ ಕಳಿಸುತ್ತೇನೆ ಎಂದರು. ನಾನು ಕೈ ಮುಗಿದೆ. "ಬೇಡ ಮೆವ್ರೌ. ಬೆನ್ನು ಬಿಟ್ಟ ಬಟ್ಟೆ ನನ್ನ ಕೈಯಿಂದ ಇವತ್ತಿನವರೆಗೆ ಹೊರಗೆ ಹೋಗಿಲ್ಲ. ಇನ್ನೊಂದು ಸಲ ಹಿಡಿಯೋಣ."

"ನೀವು ಹೊಲಿದದ್ದು ಇಪ್ಪತ್ತೆಂಟರ ಹುಡುಗಿಗೆ. ಅವಳಿಗೆ ಸರಿಯಾಗೇ ಇದೆ," ಎಂದರು. "ಆದ್ರೆ ಮದುವೆಗೆ ಹೊರಟಿರೋದು ನಾನು."

ಆರಕ್ಕೆ ಹತ್ತು ನಿಮಿಷ ಇರುವಾಗ ಗುಂಡಿ ಒತ್ತಿದರು. ಮೂರು ವಾರ ನಾನು ಅವರ ಬಾಗಿಲ ಕಡೆ ನೋಡದೆ ಲಿಫ್ಟಿಗೆ ಹೋದೆ. ಇಪ್ಪತ್ತೆರಡನೇ ದಿನ ಅವರು ಕಾರಿಡಾರಿನಲ್ಲಿ, ಆ ವಯಸ್ಸಿನಲ್ಲಿ, ಕುಣಿಯುತ್ತಿದ್ದರು. ಪಾರ್ಟು ಸಿಕ್ಕಿತ್ತು. ಜೊತೆಗೆ ನಿರ್ದೇಶಕಿಯ ಅಪ್ಪಣೆಯೊಂದು: ಆ ಗೌನನ್ನೇ ತರಬೇಕು, ಯಾರೂ ಅದಕ್ಕೆ ಸೂಜಿ ಮುಟ್ಟಿಸಬಾರದು.

ಎರಡು ವರ್ಷದ ಮೇಲೆ ಯುಟ್ರೆಕ್ಟಿನ ಒಂದು ಚಿಕ್ಕ ಹಾಲಿನಲ್ಲಿ ಆ ಸಿನಿಮಾ ನೋಡಿದೆವು. ಬೆನ್ನು ಬಂದಾಗ ಜನ ಗೊಳ್ಳೆಂದು ನಕ್ಕರು. ಆಮೇಲೆ ನೋಡಿದರೆ ಪಕ್ಕದ ಹೆಂಗಸು ಕಣ್ಣೊರೆಸಿಕೊಳ್ಳುತ್ತಿದ್ದಳು. ನಾನು ಅವಳ ಕಡೆ ಬಾಗಿ, ಅದನ್ನು ಹೊಲಿದದ್ದು ನಾನು ಎಂದೆ. ಅವಳು ಎದ್ದು ಬೇರೆ ಸೀಟಿಗೆ ಹೋದಳು.

ಮೆವ್ರೌ ಈಗ ಟ್ಯಾಲಿನ್ನಿನಲ್ಲೇ ಇದ್ದಾರೆ. ಮತ್ತೆ ರಂಗ ಹತ್ತಿದ್ದಾರೆ, ಸರ್ಕಸ್ ಯಜಮಾನಿಯ ಪಾರ್ಟು. ಹೋದ ವಾರ ಫೋನು ಮಾಡಿ, ಒಂದು ಕೋಟು ಬೇಕು, ಅಳತೆಗೆ ಏನು ಕಳಿಸಲಿ ಎಂದು ಕೇಳಿದರು. ಏನೂ ಕಳಿಸಬೇಡಿ, ನಾನೇ ಬರುತ್ತೇನೆ, ಎದುರಿಗೆ ನಿಂತುಕೊಳ್ಳಿ ಎಂದೆ. ಟಿಕೆಟ್ ಆಗಿದೆ. ಅಂಗಡಿಯನ್ನು ಒಮ್ಮೆ ಸರ್ಕಾರ ಮುಚ್ಚಿಸಿತ್ತು, ನಾನಾಗಿ ಮುಚ್ಚುತ್ತಿರುವುದು ಇದೇ ಮೊದಲು. ದರ್ಜಿ ಅಳತೆ ತೆಗೆಯಲು ಹೋಗಿದ್ದಾನೆ, ಸೋಮವಾರ ಬರುತ್ತಾನೆ ಎಂದು ಡಚ್ಚಿನಲ್ಲಿ ನನ್ನ ಕೈಯಾರೆ ಒಂದು ಕಾಗದ ಬರೆದೆ. ಶಾಹೀನಾ ಅದರಲ್ಲಿ ಎರಡು ತಪ್ಪು ಹುಡುಕಿ ಪೆನ್ನು ತೆಗೆದಳು.

ಇರಲಿ ಬಿಡು ಎಂದು ಹಾಗೇ ಬಾಗಿಲಿಗೆ ಅಂಟಿಸಿದೆ.