ಹಲ್ಲಣ್ಣನ ನೆಂಟರು

ಹಲ್ಲು ಕೀಳುವ ಡಾಕ್ಟರು ಎಲ್ಲರಿಗೂ ಗೊತ್ತು. ಆ ಖಾಲಿ ಜಾಗಕ್ಕೆ ಕಟ್ಟುಹಲ್ಲು ಮಾಡಿಕೊಡುವವನು ಬೇರೊಬ್ಬ ಇರುತ್ತಾನೆಂಬುದು ಹಲ್ಲಿದ್ದವರಿಗೆ ತಿಳಿದಿರುವುದಿಲ್ಲ. ಒಂದು ಮನೆಯ ಮಹಡಿಯ ಬಾಡಿಗೆ ಕೋಣೆಯಲ್ಲಿ ಅಂಥವನೊಬ್ಬನಿದ್ದ. ಅಲ್ಲೇ ವಾಸ, ಅಲ್ಲೇ ಕೆಲಸ. ಹಲಗೆಗಳ ಮೇಲೆ ಊರಿನವರ ಬಾಯಿಗಳೆಲ್ಲ ಬಿಳಿ ಪ್ಲಾಸ್ಟರಿನ ಅಚ್ಚುಗಳಾಗಿ ಸಾಲಾಗಿ ಕೂತಿದ್ದವು. ಮನೆ ತುಂಬ ಬಾಯಿ, ಮಾತಿಗೆ ಮಾತ್ರ ಬರ. ಬೀದಿಯವರು ಅವನನ್ನು ಹಲ್ಲಣ್ಣ ಎನ್ನುತ್ತಿದ್ದರು. ಊರಿಗೆಲ್ಲ ಅಣ್ಣ, ‘ತಮ್ಮ’ವರು ಅಂತ ಒಬ್ಬರೂ ಇಲ್ಲ.

ಇದ್ದ ಒಬ್ಬ ಅಕ್ಕ ತೀರಿಕೊಂಡು ಎಷ್ಟೋ ಕಾಲವಾಗಿತ್ತು. ಅಕ್ಕನ ಮಕ್ಕಳು ಎಲ್ಲಿದ್ದಾರೋ, ಅವನಿಗೂ ಗೊತ್ತಿರಲಿಲ್ಲ. ಆದರೂ ಭಾನುವಾರ ಬಂತೆಂದರೆ ಇಸ್ತ್ರಿ ಅಂಗಿ ಹಾಕಿ, ಬೀಗ ಜಡಿದು, ಕೆಳಗಿನ ಮನೆಯ ಯಜಮಾನರಿಗೆ ಕೇಳುವಂತೆ “ಅಕ್ಕನ ಮಕ್ಕಳ ಮನೆಗೆ ಹೋಗ್ಬರ್ತೀನಿ” ಎನ್ನುತ್ತಿದ್ದ. ಬಸ್ ನಿಲ್ದಾಣದ ಬೆಂಚಿನ ಮೇಲೆ ಕೂತು, ಒಂದನ್ನೂ ಹತ್ತದೆ ಎಲ್ಲ ಬಸ್ಸುಗಳನ್ನೂ ಕಳಿಸಿಕೊಟ್ಟು, ಸಂಜೆ ಮರಳುತ್ತಿದ್ದ. “ಬಲವಂತ ಮಾಡಿ ಬಡಿಸಿಬಿಟ್ರು” ಎಂದು ಹಸಿದ ಹೊಟ್ಟೆ ಸವರಿಕೊಳ್ಳುತ್ತಿದ್ದ. ಯಜಮಾನರು ನಂಬಿದ್ದರು.

ಆ ಯಜಮಾನರ ಮಗಳು ಗಂಡನನ್ನು ಕಳೆದುಕೊಂಡು, ಇಬ್ಬರು ಮಕ್ಕಳನ್ನು ಕಟ್ಟಿಕೊಂಡು ತವರಿಗೆ ಬಂದಳು. ಯಜಮಾನರು ಮೆಟ್ಟಿಲು ಹತ್ತಿ ಬಂದು ಬಾಗಿಲಲ್ಲೇ ನಿಂತರು.

“ಹಲ್ಲಣ್ಣ, ಹೇಳೋಕೇ ಬಾಯಿ ಬರ್ತಿಲ್ಲ. ಕೋಣೆ ಬೇಕಾಗಿದೆ.”

“ನಿಮ್ಮ ಕಷ್ಟ ಕಾಣುತ್ತೆ ಯಜಮಾನ್ರೆ. ಆದ್ರೆ ಈ ಬಾಡಿಗೆಗೆ ನನಗೆ ಈಗ ನಾಯಿಗೂಡೂ ಸಿಗಲ್ಲ.”

ಇಬ್ಬರದೂ ನಿಜವಾದ್ದರಿಂದ ವಿಷಯ ಕೋರ್ಟಿಗೆ ಹೋಯಿತು.

ಹಲ್ಲಣ್ಣನ ವಕೀಲರು ಬಿಡಿಸಿ ಹೇಳಿದರು. “ನೋಡಿ, ಬಾಡಿಗೆ ಕಾಯ್ದೇಲಿ ಓನರು ಸ್ವಂತಕ್ಕೆ ಬೇಕು ಅಂದ್ರಷ್ಟೇ ಸಾಲದು. ಬಿಡಿಸಿದ್ರೆ ನಿಮಗೆಷ್ಟು ಕಷ್ಟ, ಬಿಡಿಸದಿದ್ರೆ ಅವರಿಗೆಷ್ಟು ಕಷ್ಟ, ಜಡ್ಜು ತೂಗಿ ನೋಡ್ತಾರೆ. ಇಲ್ಲಿ ಕಷ್ಟಪಟ್ಟವನಲ್ಲ, ಕಷ್ಟ ತೋರಿಸಿದವನು ಗೆಲ್ಲೋದು. ಬಾಯಿಬಿಟ್ಟು ಒಂದೇ ಮಾತು ಹೇಳಿ: ನನಗೆ ಯಾರೂ ಇಲ್ಲ, ಹೋಗೋಕೆ ಬೇರೆ ಮನೆ ಇಲ್ಲ.”

“ಅಷ್ಟೇ ತಾನೆ?” ಎಂದ ಹಲ್ಲಣ್ಣ.

ಕಟಕಟೆಯಲ್ಲಿ ನಿಂತಾಗ ಅದು ಅಷ್ಟೇ ಅನ್ನಿಸಲಿಲ್ಲ. ಎದುರಿನ ಬೆಂಚಿನಲ್ಲಿ ಯಜಮಾನರು, ಅವರ ಹೆಂಡತಿ, ಮಗಳು. ಯಜಮಾನರ ವಕೀಲರು ಎದ್ದರು.

“ಭಾನುವಾರ ಎಲ್ಲಿಗೆ ಹೋಗ್ತೀರಿ?”

ಹಲ್ಲಣ್ಣ ಅಂಗಿಯ ಕಾಲರು ಸರಿಮಾಡಿಕೊಂಡ.

“ಅಕ್ಕನ ಮಕ್ಕಳ ಮನೆಗೆ ಅಂತಾರಲ್ಲ ನಿಮ್ಮ ಓನರು. ಸುಳ್ಳಾ?”

ಅವನ ವಕೀಲರು ಕಣ್ಣಲ್ಲೇ ಕೈಮುಗಿದರು. ‘ಸುಳ್ಳು’ ಎಂದಿದ್ದರೆ ಕೋಣೆ ಉಳಿಯುತ್ತಿತ್ತು. ಆದರೆ ಯಜಮಾನರ ಹೆಂಡತಿ ತಲೆ ಎತ್ತಿ ಅವನನ್ನೇ ನೋಡುತ್ತಿದ್ದರು. ಇಷ್ಟು ವರ್ಷದ ಭಾನುವಾರಗಳೂ ಅವರ ಪಕ್ಕದಲ್ಲೇ ಕೂತು ನೋಡುತ್ತಿದ್ದವು.

“ಸುಳ್ಳು ಯಾಕೆ ಸ್ವಾಮಿ,” ಎಂದ ಹಲ್ಲಣ್ಣ. “ನಿಜವೇ.”

“ನಿಮ್ಮನ್ನ ಚೆನ್ನಾಗಿ ನೋಡ್ಕೋತಾರಾ?”

“ಅಂಗೈಯಲ್ಲಿಟ್ಟು ನೋಡ್ಕೋತಾರೆ. ಇಲ್ಲೇ ಇದ್ದುಬಿಡು ಮಾವ ಅಂತಾರೆ. ನಾನೇ ಬೇಡ ಅಂತೀನಿ.”

ಅವನ ವಕೀಲರು ಕಡತ ಮುಚ್ಚಿದರು. ಇದ್ದುಬಿಡು ಎನ್ನುವ ನೆಂಟರಿದ್ದ ಮೇಲೆ ಕೋಣೆ ಬಿಡುವುದರಲ್ಲಿ ಅಂಥ ಕಷ್ಟವೇನೂ ಇಲ್ಲವೆಂದು ತೀರ್ಪಾಯಿತು. ಇಲ್ಲದ ನೆಂಟರ ಸಾಕ್ಷ್ಯದಿಂದಲೇ ಒಂದು ಮೊಕದ್ದಮೆ ಇತ್ಯರ್ಥವಾಯಿತು.

ಕೆಲಸ ಕೊಡುತ್ತಿದ್ದ ಡಾಕ್ಟರು ತಮ್ಮ ಕ್ಲಿನಿಕ್ಕಿನ ಹಿಂದಿನ ಉಗ್ರಾಣದಲ್ಲಿ, ಮುರಿದ ಕುರ್ಚಿಗಳ ನಡುವೆ, ಮಲಗಲು ಜಾಗ ಕೊಟ್ಟರು. ಕೋಣೆ ಬಿಡುವ ದಿನ ಹಲ್ಲಣ್ಣ ಒಬ್ಬನೇ ಸಾಮಾನು ಹೊತ್ತು ಇಳಿಸಿದ. ಕೊನೆಯ ಪೆಟ್ಟಿಗೆಗೆ ಯಜಮಾನರೇ ಬಂದು ಕೈಹಾಕಿದರು.

“ಅಕ್ಕನ ಮಕ್ಕಳು ಬರ್ಲಿಲ್ವಾ?”

“ಅಲ್ಲಿ ನನ್ನ ಕೋಣೆಗೆ ಬಣ್ಣ ಹೊಡೀತಿದಾರೆ ಯಜಮಾನ್ರೆ. ಬೇಡ ಅಂದ್ರೂ ಕೇಳಲ್ಲ.”

“ಪುಣ್ಯವಂತ ಕಣಯ್ಯ ನೀನು,” ಎಂದರು ಅವರು. ಹೆಂಡತಿ, ಮಗಳು, ಮೊಮ್ಮಕ್ಕಳು ಗೇಟಿನ ತನಕ ಬಂದು ಕೈಬೀಸಿದರು.

ಕ್ಲಿನಿಕ್ಕು ಇದ್ದದ್ದು ಎಡಕ್ಕೆ, ಬಸ್ ನಿಲ್ದಾಣ ಬಲಕ್ಕೆ. ಆಟೋದವನು ಅತ್ತ ತಿರುಗಿಸಹೊರಟ.

“ಬಲಕ್ಕೆ ಹೋಗಪ್ಪ,” ಎಂದ ಹಲ್ಲಣ್ಣ.

“ಸುತ್ತಾಗುತ್ತಲ್ಲ ಅಣ್ಣಾ?”

“ಆಗ್ಲಿ. ನೋಡ್ತಾ ನಿಂತಿದಾರೆ.”