ಕ್ಯಾಪ್ಟನ್ನನ ತಾಯಿಮನೆ

ಕೀವ್ ಸ್ಟುಡಿಯೋದ ಕಲಾನಿರ್ದೇಶಕ ಝಿನೋವಿ ಮೊದಲ ಚಿತ್ರಕ್ಕೇ ಕುದುರೆ ಲದ್ದಿ, ಮಣ್ಣು, ಹುಲ್ಲು ಕಲಸಿ ಹಳ್ಳಿಮನೆ ಕಟ್ಟಿದ್ದ. ಶೂಟಿಂಗ್ ನೋಡಲು ಬಂದ ಮುದುಕಿಯರು ಅದರ ದೇವರಮೂಲೆಯ ಮುಂದೆ ನಿಂತು ಎದೆಗೆ ಶಿಲುಬೆ ಗುರುತು ಹಾಕಿಕೊಂಡರು. ಅಲ್ಲಿಂದ ಇಪ್ಪತ್ತೆರಡು ವರ್ಷ ಅವನಿಗೆ ಸಿಕ್ಕಿದ್ದು ಬರೀ ಗುಡಿಸಲು.

ಈ ಸಲ ಹಡಗಿನ ಚಿತ್ರ. ಇನ್ನಾದರೂ ಬಿಡುಗಡೆಯೆಂದು ನಾಲ್ಕು ತಿಂಗಳು ಕೂತು ಹಡಗಿನ ಒಂದೊಂದು ಮೊಳೆಯನ್ನೂ ನಕ್ಷೆಯಲ್ಲಿ ಬರೆದಿದ್ದ. ನಿರ್ದೇಶಕಿ ಸೊಲೊಮಿಯಾ ಹಾಳೆಗಳನ್ನು ಮಡಚಿಟ್ಟಳು.

"ಝಿನೋವಿ ಪಾವ್ಲೊವಿಚ್, ಹಡಗನ್ನ ಬೇರೆಯವರು ಮಾಡ್ತಾರೆ. ಕ್ಯಾಪ್ಟನ್ ಕನಸಲ್ಲಿ ಹಳ್ಳಿಯ ತಾಯಿಮನೆ ಬರುತ್ತೆ ನೋಡಿ, ಅದು ನಿಮ್ಮ ಕೈದೇ ಆಗ್ಬೇಕು."

"ಆ ಬಡ್ಡಿಮಗನಿಗೆ ಕನಸಲ್ಲಿ ಸಮುದ್ರ ಬರಲ್ವೇನಮ್ಮಾ?"

ಮೇಜು ಎತ್ತಿ ಕುಕ್ಕುವಷ್ಟು ಸಿಟ್ಟು ಬಂತು. ಆದರೆ ಬೇರೆ ಯಾವನಾದರೂ ಕಟ್ಟಿದರೆ ಒಲೆಯನ್ನು ತಪ್ಪು ಗೋಡೆಗೆ ಕೂರಿಸುತ್ತಾನಲ್ಲ ಎಂದು ಅವನ ಜೀವ ಚಡಪಡಿಸಿತು.

"ಜೇಡಿಮಣ್ಣು ಯಾವತ್ತು ಬರುತ್ತೆ?" ಎಂದು ಕೇಳಿದ.