ಉಪ್ಪು ನೋಡು
ಎಲೆ ಉದುರುವ ಕಾಲ ಬಂತೆಂದರೆ ನಮ್ಮ ಅಕ್ಕನ ಗಂಡ, ಅಂದರೆ ನನ್ನ ಭಾವ, ಸೂಪು ಮಾಡಲು ನಿಲ್ಲುತ್ತಾರೆ. ಗೆಣಸು ಬೇಯಿಸಿ, ನುಣ್ಣಗೆ ಅರೆದು, ಕುದಿಯುವಾಗ ಅದಕ್ಕೆ ಪೀನಟ್ ಬಟರ್ ಡಬ್ಬಿಯನ್ನೇ ಬಗ್ಗಿಸಿದಾಗ ನಾನು ಗೋಡೆ ಹಿಡಿದುಕೊಳ್ಳುತ್ತೇನೆ. "ಭಾವಾ, ಅದು ಬ್ರೆಡ್ಡಿಗೆ ಹಚ್ಚೋದು" ಎಂದರೆ, "ಹಾಗಂತ ಅದರ ಹಣೇಲಿ ಬರೆದಿದ್ಯೇನಯ್ಯಾ?" ಎನ್ನುತ್ತಾರೆ. ತಾವು ಮಾತ್ರ ಒಂದು ಹನಿಯನ್ನೂ ರುಚಿ ನೋಡುವುದಿಲ್ಲ. "ಬಾರಯ್ಯಾ, ಉಪ್ಪು ನೋಡು" ಎಂದು ನನ್ನನ್ನೇ ಕರೆಯುತ್ತಾರೆ. ಹುತ್ತಕ್ಕೆ ಕೈಹಾಕುವವನಂತೆ ನಾನು ಚಮಚ ಎತ್ತುತ್ತೇನೆ. ನಾನು ಉಪ್ಪು ನೋಡುವಾಗ ಅವರು ಕನ್ನಡಕ ಏರಿಸಿಕೊಂಡು ನನ್ನ ಮುಖ ನೋಡುತ್ತಾರೆ. ಹುಬ್ಬು ಗಂಟಿಕ್ಕಿದರೆ ನಿಂಬೆಹಣ್ಣು ಹಿಂಡುತ್ತಾರೆ, ಕಣ್ಣರಳಿದರೆ ಒಲೆ ಆರಿಸುತ್ತಾರೆ. ನನ್ನ ಈ ಸಪ್ಪೆ ಮುಖವನ್ನು ಅಷ್ಟು ಹೊತ್ತು ನನ್ನ ಹೆಂಡತಿಯೂ ನೋಡಿದ್ದಿಲ್ಲ. "ತಮ್ಮ ಅಡುಗೆ ಕಂಡರೆ ತಮಗೇ ಭಯವೇನೇ ಇವರಿಗೆ?" ಎಂದು ಈ ಸಲ ಅಕ್ಕನನ್ನು ಛೇಡಿಸಿದೆ. ಅವಳು ದನಿ ತಗ್ಗಿಸಿದಳು: "ಆ ಕೆಟ್ಟ ಜ್ವರ ಬಂದಾಗಿಂದ ಅವರಿಗೆ ರುಚಿ, ವಾಸನೆ ಒಂದೂ ತಿಳಿಯಲ್ಲ ಕಣೋ. ನಾಲಿಗೆಗೆ ನುಣುಪೊಂದೇ ಗೊತ್ತಾಗೋದು. ಅದಕ್ಕೇ ಆ ಪೀನಟ್ ಬಟರ್." ಅಷ್ಟರಲ್ಲಿ ಒಳಗಿನಿಂದ ಕರೆ ಬಂತು, "ಬಾರಯ್ಯಾ, ಉಪ್ಪು ನೋಡು." ಹೋದೆ, ಕಿಟಕಿಯ ಬೆಳಕು ಮುಖದ ಮೇಲೆ ಚೆನ್ನಾಗಿ ಬೀಳುವಂತೆ ನಿಂತು, ಚಮಚ ಬಾಯಿಗಿಟ್ಟೆ.